ಪಕ್ಕದ ಮನೆಯ ಮಗು

ಮಳವಳ್ಳಿ ಬಸ್‌ಸ್ಟ್ಯಾಂಡಿನಲ್ಲಿ ಯಾರಾದರೂ ಹುರಿದ ಅವರೆಕಾಳಿನ ಪೊಟ್ಟಣ ಬಿಚ್ಚಿದರೆ ನಾನು ಈಗಲೂ ಎದ್ದು ದೂರ ಹೋಗಿ ನಿಲ್ಲುತ್ತೇನೆ.

ಅವತ್ತು ಮಧ್ಯಾಹ್ನ ಅಜ್ಜಿ ಜಗಲಿಯ ಮೇಲೆ ಕೂತು ನನ್ನ ತಲೆಗೆ ಹರಳೆಣ್ಣೆ ಹಚ್ಚುತ್ತಿದ್ದಳು. ಅವಳ ಮಾತ್ರೆಗಳಿಗೆ ಅಪ್ಪನ ಕಬ್ಬು ಕಡಿಯುವ ಕೂಲಿ ಸಾಲುತ್ತಿರಲಿಲ್ಲ. ವೃದ್ಧಾಪ್ಯ ಪಿಂಚಣಿಗೆ ಅರ್ಜಿ ಹಾಕಿದ್ದೆವು. ವಿಚಾರಣೆಗೆ ಸಾಹೇಬರು ಬರುವವರಿದ್ದರು.

"ನೋಡ್ಕೊಳ್ಳೋ ಮಗ ಅವ್ನೆ ಅಂದ್ರೆ ಕೊಡಾಕಿಲ್ವಂತೆ ಕಣವ್ವ. ನಂಗ್ಯಾರೂ ಇಲ್ಲ ಅಂದ್ಬುಡು," ಎಂದು ಬೆಳಗಿನಿಂದ ಹೇಳಿಕೊಟ್ಟಿದ್ದ ಅಪ್ಪ, ಬೈಕಿನ ಸದ್ದು ಕೇಳುತ್ತಲೇ ಕೊಟ್ಟಿಗೆಗೆ ಹೋಗಿ ಹುಲ್ಲಿನ ಹಿಂದೆ ನಿಂತ.

ಸಾಹೇಬರು ಒಳ್ಳೆಯವರೇ. ಕೊಟ್ಟ ಮಜ್ಜಿಗೆ ಕುಡಿದರು, ಕೇಳಬೇಕಾದ್ದನ್ನೆಲ್ಲ ಮೆತ್ತಗೆ ಕೇಳಿದರು. ಏಳುವಾಗ ನನ್ನ ಕಡೆ ನೋಡಿ, "ಈ ಮಗು ಯಾರದಮ್ಮ?" ಅಂದರು.

ನನ್ನ ನೆತ್ತಿಯ ಮೇಲಿದ್ದ ಅಜ್ಜಿಯ ಎಣ್ಣೆಗೈ ಮೇಲೆದ್ದಿತು.

"ಪಕ್ಕದ್ಮನೇದು ಕಣ್ ಸ್ವಾಮಿ."

ಬೈಕು ಬೀದಿ ದಾಟಿದ ಮೇಲೆ ಅವಳು ಸೆರಗಿನ ಗಂಟು ಬಿಚ್ಚಿ, ನನಗೆಂದೇ ಹುರಿದಿಟ್ಟಿದ್ದ ಅವರೆಕಾಳನ್ನು ಅಂಗೈಯಲ್ಲಿ ಹಿಡಿದು ಚಾಚಿದಳು. ಇನ್ನೂ ಬೆಚ್ಚಗಿತ್ತು, ಘಮ್ಮೆನ್ನುತ್ತಿತ್ತು.

"ತಿನ್ನು ಬಾ, ನನ್ ಕೂಸೆ."

ನಾನು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡೆ.

"ಪಕ್ಕದ್ಮನೇರು ಕೊಟ್ಟಿದ್ದ ತಿನ್ಬಾರ್ದು ಅಂತ ನೀನೇ ಯೋಳಿದ್ದೆ."

ಅಜ್ಜಿ ಒಂದು ಕಾಳೂ ಬೀಳದಂತೆ ಎಲ್ಲವನ್ನೂ ಮತ್ತೆ ಸೆರಗಿಗೆ ಕಟ್ಟಿಕೊಂಡಳು. ಕೊಟ್ಟಿಗೆಯಲ್ಲಿ ಹುಲ್ಲು ಸರಿದ ಸದ್ದಾಯಿತು. ಆದರೆ ದೀಪ ಹಚ್ಚುವ ಹೊತ್ತಾದರೂ ಅಪ್ಪ ಆಚೆ ಬರಲಿಲ್ಲ.