ಕೋಣನ ಮದುವೆಯ ಪ್ಲೇಟು

ವೆಂಕಪ್ಪನ ಮನೆಯಲ್ಲಿ ಗ್ರಾಮಫೋನು ಇರಲಿಲ್ಲ. ಹಾಗಾಗಿ ಮದ್ರಾಸಿನ ಸ್ಟುಡಿಯೋದಲ್ಲಿ ತಾನು ಹಾಡಿ ಬಂದ ಪ್ಲೇಟನ್ನು ಅವನು ಮೊದಲು ಕೇಳಿದ್ದು ಬಂಟ್ವಾಳ ಪೇಟೆಯಲ್ಲಿ, ಹನೀಫಾನ ಹೋಟೆಲಿನ ಬೆಂಚಿನ ಮೇಲೆ ಕುಳಿತು. ಕೇಳಿದವನು ಧಡಕ್ಕನೆ ಎದ್ದು ನಿಂತ.

"ಇದು ನಾನಲ್ಲ!"

ಯಾರಿಗೂ ಕೇಳಿಸಲಿಲ್ಲ. ಇಡೀ ಹೋಟೆಲು ನಗುತ್ತಿತ್ತು. ಒಬ್ಬನಿಗೆ ಚಹಾ ಮೂಗಿನಿಂದ ಬಂದಿತ್ತು. ಮೇಜಿನ ಮೇಲೆ, ಚಾವಿ ಕೊಟ್ಟು ತಿರುಗಿಸುವ ಗ್ರಾಮಫೋನಿನ ಪೆಟ್ಟಿಗೆಯೊಳಗೆ, ಯಾರೋ ಬಾಗಿಲ ಸಂದಿಗೆ ಸಿಕ್ಕಿಬಿದ್ದ ಇಲಿಯ ಸ್ವರದಲ್ಲಿ 'ಕೋಣನ ಮದುವೆ' ಹಾಡುತ್ತಿದ್ದರು. ಹೆಣ್ಣು ನೋಡಲು ಹೋದ ಕೋಣ, ಮಾತುಕತೆ ಮುಗಿಯುವುದರೊಳಗೆ ಹೆಣ್ಣಿನ ಮನೆಯ ಮಾಡಿನ ಹುಲ್ಲನ್ನೇ ತಿಂದು ಮುಗಿಸಿದ ಹಾಡು. ಪದ ವೆಂಕಪ್ಪನದೇ, ರಾಗವೂ ಅವನದೇ. ಸ್ವರ ಮಾತ್ರ ಯಾರದೋ.

ವೆಂಕಪ್ಪನದು ಹೊಳೆಯ ಆಚೆ ದಡದಿಂದ ದೋಣಿ ಕರೆಸುವ ಗಂಟಲು. ಮದ್ರಾಸಿನಲ್ಲಿ ಅವನು ಕೋಣನ ಕೂಗು ಹಾಕಿದಾಗ ಗಾಜಿನ ಹಿಂದೆ ಕುಳಿತ ಇಂಜಿನಿಯರು ಕಿವಿಗೆ ಹಾಕಿಕೊಂಡದ್ದನ್ನು ಕಿತ್ತೆಸೆದಿದ್ದ. ಈ ಪ್ಲೇಟಿನಲ್ಲಿ ಅದೇ ಕೋಣ ಆಡಿನ ಮರಿಯ ಹಾಗೆ 'ಮ್ಯಾ' ಎಂದಿತು. ಹೋಟೆಲಿನವರು ಮತ್ತೊಮ್ಮೆ ಬಿದ್ದು ಬಿದ್ದು ನಕ್ಕರು. ಹೊಸ ಜಾತಿಯ ಪ್ಲೇಟು, ಒಂದು ಮಗ್ಗುಲಿಗೆ ಆರು ಹಾಡು ಹಿಡಿಸುತ್ತದೆ ಎಂದು ಕಂಪೆನಿಯವರು ಹೇಳಿದ್ದರು. ಎದುರಿಗಿದ್ದ ಚಹಾ ಆರುವ ಮೊದಲೇ ಆರೂ ಹಾಡು ಮುಗಿದವು.

ವೆಂಕಪ್ಪನಿಗೆ ಮೋಸ ಹೊಳೆಯಿತು. ಅವತ್ತು ಸ್ಟುಡಿಯೋದ ಮೂಲೆಯಲ್ಲಿ ಸಪೂರದ ಒಬ್ಬಳು ಹಾಡುಗಾರ್ತಿ ತನ್ನ ಸರದಿಗೆ ಕಾಯುತ್ತ ಕುಳಿತು ಕಿಸಿಕಿಸಿ ನಗುತ್ತಿದ್ದಳು. ಅವಳದೇ ಕೆಲಸ. ತಾನು ರೈಲು ಹತ್ತಿದ ಮೇಲೆ ಅವಳಿಂದ ಹಾಡಿಸಿದ್ದಾರೆ.

"ವೆಂಕಪ್ಪಣ್ಣ," ಹನೀಫಾ ಕಣ್ಣೊರೆಸಿಕೊಳ್ಳುತ್ತ ಬಂದ. "ಇಷ್ಟು ದಿನ ಈ ಸ್ವರವನ್ನು ಎಲ್ಲಿ ಅಡಗಿಸಿ ಇಟ್ಟಿದ್ದಿರಿ ಮಾರಾಯ್ರೆ?"

ಎಲ್ಲರೂ ಇತ್ತ ತಿರುಗಿದರು. ತಾನು ಹಾಡಿದ ಯಾವ ಮದುವೆಯ ಚಪ್ಪರದಲ್ಲೂ ವೆಂಕಪ್ಪ ಇಷ್ಟು ನಗು ಕಂಡವನಲ್ಲ. ಸತ್ಯ ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡ.

"ಅದು ಮದ್ರಾಸಿನ ನೀರು, ಹನೀಫಾ."

ಮಳೆಗಾಲ ಹಿಡಿಯುವುದರೊಳಗೆ ಪ್ಲೇಟು ಬೆಳ್ತಂಗಡಿಗೆ ಹೋಯಿತು, ಉಜಿರೆಯ ಹಾಸ್ಟೆಲಿಗೆ ಹೋಯಿತು, ಚಾವಿ ಪೆಟ್ಟಿಗೆ ಇದ್ದಲ್ಲೆಲ್ಲ ಹೋಯಿತು. ಕಂಡಕ್ಟರುಗಳು ಟಿಕೇಟು ಕೊಡುವಾಗ 'ಮ್ಯಾ' ಎನ್ನತೊಡಗಿದರು. ಕೊನೆಗೆ ಮೂಡಬಿದ್ರೆಯ ಯುವಕ ಸಂಘದ ಕಾರ್ಯದರ್ಶಿ ರಮಾನಾಥ ವೆಂಕಪ್ಪನ ಊರು ವಾಮದಪದವಿಗೇ ಬಂದ.

"ನಿಮ್ಮದೊಂದು ಕಾರ್ಯಕ್ರಮ ಇಡುವ ಅಂತ ಉಂಟು. ಆದರೆ ಪ್ಲೇಟಿನ ಸ್ವರವೇ ಬೇಕು. ಹಾಡಿದ್ದು ನೀವಲ್ಲ ಅಂತ ಜನ ಹೇಳ್ತಾರೆ."

"ನಾನೇ."

"ಒಂದು ಸಾಲು ಹಾಡಿ, ಕೇಳುವ."

"ಶೀತ. ಸ್ವರ ದಪ್ಪ ಆಗಿದೆ."

"ಹಾಗಾದರೆ ದೀಪಾವಳಿಗೆ ಇಡುವ. ಆಗಲೂ ದಪ್ಪ ಇದ್ದರೆ, ವೆಂಕಪ್ಪ ಸುಳ್ಳುಗಾರ ಅಂತ ನಾನೇ ಮೈಕಿನಲ್ಲಿ ಹೇಳ್ತೇನೆ."

ವೆಂಕಪ್ಪ ಮರುದಿನವೇ ಗಂಟಲನ್ನು ಸಪೂರ ಮಾಡಲು ಹೊರಟ. ಒಳ್ಳೆಮೆಣಸು ಅಗಿದ. ಒಂದೇ ಉಸಿರಿಗೆ ಎರಡು ಹಾಡು ಹೇಳಿದ. ಕೆರೆಯ ಬದಿಯಲ್ಲಿ ನಿಂತು ಕಿರುಚಿದ. ಅವನ ಹೆಂಡತಿ ಸರಸ ಕೋಲು ಹಿಡಿದು ಓಡಿ ಬಂದಳು.

"ನೀವಾ? ಯಾರದೋ ಬೆಕ್ಕು ಕೆರೆಗೆ ಬಿತ್ತು ಅಂತ ಮಾಡಿದೆ."

"ಹತ್ತಿರ ಬಂದಿದೆಯಾ?"

"ಬೆಕ್ಕಿಗೆ ಬಂದಿದೆ. ಇಲಿಗೆ ಇನ್ನೂ ಸ್ವಲ್ಪ ಬೇಕು."

ಇಲಿಗೂ ಬಂತು. ಉಗುಳಿನಲ್ಲಿ ರಕ್ತವೂ ಬಂತು. ನಾಟಿ ಮದ್ದಿನ ಪಂಡಿತರು ಬಾಯಿ ತೆರೆಸಿ, ಗಂಟಲನ್ನು ಬೆಳಕಿಗೆ ಹಿಡಿದು ನೋಡಿ, "ಹಳೆಯ ಸ್ವರ ಇನ್ನು ಬರುವುದಿಲ್ಲ," ಎಂದರು. ವೆಂಕಪ್ಪ ಅಂಗಳದಲ್ಲೇ ಕುಣಿದ.

"ಬರಬಾರದು ಪಂಡಿತರೇ! ನನಗೆ ಅದೇ ಬೇಕಾದದ್ದು!"

ಮೂಡಬಿದ್ರೆಯಲ್ಲಿ ಸಭಾಂಗಣ ತುಂಬಿ, ಜನ ಕಿಟಕಿಗಳಲ್ಲಿ ಜೋತುಬಿದ್ದಿದ್ದರು. ವೆಂಕಪ್ಪ ಬಾಯಿ ತೆರೆದ. ಇಲಿ ಹಾಡಿತು. ಪ್ಲೇಟಿನಷ್ಟೇ ಸಪೂರ, ಪ್ಲೇಟಿನಷ್ಟೇ ವೇಗ. 'ಮ್ಯಾ' ಎಂದಾಗ ಮುಂದಿನ ಸಾಲಿನ ಹಿರಿಯರೊಬ್ಬರು ಕುರ್ಚಿ ಸಮೇತ ಮಗುಚಿದರು. ರಮಾನಾಥ ವೇದಿಕೆಗೆ ಓಡಿ ಬಂದು ಅವನ ಎರಡೂ ಕೈ ಹಿಡಿದುಕೊಂಡ. "ನೀವೇ ಮಾರಾಯ್ರೆ, ನೀವೇ! ನಾನು ತಪ್ಪು ಹೇಳಿದೆ."

ಹನೀಫಾ ತನ್ನ ತಮ್ಮ ಮೂಸಾನನ್ನೂ ಕರೆದುಕೊಂಡು ಬಂದಿದ್ದ. ಮೂಸಾ ಬೊಂಬಾಯಿಯಿಂದ ಆಗಷ್ಟೇ ಬಂದವನು, ಕರೆಂಟಿನ ಗ್ರಾಮಫೋನು ತಂದವನು. ಈ ಸೀಮೆಗೆ ಅದು ಮೊದಲನೆಯದು. ವಿರಾಮದಲ್ಲಿ ಅವನು ಅದನ್ನು ವೇದಿಕೆಯ ಮೇಲಿಟ್ಟು, ಬೊಂಬಾಯಿಯಲ್ಲೇ ಕೊಂಡು ಇನ್ನೂ ಬಿಚ್ಚದ ಹೊದಿಕೆಯಿಂದ ಅದೇ ಪ್ಲೇಟನ್ನು ತೆಗೆದ.

"ಪಕ್ಕದಲ್ಲಿ ನಿಲ್ಲಿ ವೆಂಕಪ್ಪಣ್ಣ. ನೀವೂ ಪ್ಲೇಟೂ ಒಟ್ಟಿಗೆ ಹಾಡಿ, ಗಮ್ಮತ್ತಾಗ್ತದೆ."

ವೆಂಕಪ್ಪ ಎದೆ ಉಬ್ಬಿಸಿ ನಿಂತ. ಮೂಸಾ ಮುಳ್ಳು ಇಟ್ಟ.

ಹೊಳೆ ದಾಟಿ ಬರುವಂಥ ಸ್ವರವೊಂದು ನಿಧಾನವಾಗಿ, ದಪ್ಪವಾಗಿ, ಒಂದೊಂದು ಪದವನ್ನೂ ಚಪ್ಪರಿಸುತ್ತ ಸಭಾಂಗಣವನ್ನು ತುಂಬಿತು. ಕೋಣ ಕೂಗಿದಾಗ ಹೊರಗೆ ಬೀದಿ ನಾಯಿಗಳು ಬೊಗಳಿದವು. ಜನ ಮೊದಲಿಗಿಂತ ಎರಡು ಪಾಲು ನಕ್ಕು, ಎದ್ದು ನಿಂತು, ಈ ಪುಣ್ಯಾತ್ಮ ಯಾರು, ಅವನನ್ನು ಕರೆಸಿ ಎಂದು ಬೊಬ್ಬೆ ಹಾಕಿದರು.

ಪಕ್ಕದಲ್ಲೇ ನಿಂತಿದ್ದ ರಮಾನಾಥ ದೂರ ಸರಿದ. "ಯಾರದ್ದೋ ಪ್ಲೇಟಿಗೆ ನಿನ್ನ ಹೆಸರು ಹಾಕಿಸಿಕೊಂಡದ್ದಾ ನೀನು?"

"ಅದು ನಾನೇ!" ಎಂದ ವೆಂಕಪ್ಪ. ಇಲಿ ಕಿಚಗುಟ್ಟಿತು. ಸಭಾಂಗಣ ನಗುವಿನಿಂದ ಸಿಡಿಯಿತು.

ಮೂಸಾ ಮಾತ್ರ ನಗದೆ ಅಣ್ಣನ ಕಡೆ ತಿರುಗಿದ. "ಇದನ್ನು ನಿಮ್ಮ ಚಾವಿ ಪೆಟ್ಟಿಗೆಯಲ್ಲಿ ಹಾಕಿದ್ದಾ? ಇದು ನಿಧಾನ ತಿರುಗುವ ಪ್ಲೇಟು, ಅಣ್ಣಾ. ನಿಮ್ಮದು ಇದನ್ನು ಎರಡು ಪಟ್ಟಿಗಿಂತ ಹೆಚ್ಚು ವೇಗದಲ್ಲಿ ತಿರುಗಿಸ್ತದೆ. ಅದರಲ್ಲಿ ಹಾಕಿದರೆ ಆನೆಯೂ ಇಲಿ ಆಗ್ತದೆ."

ಬಂಟ್ವಾಳ, ಬೆಳ್ತಂಗಡಿ, ಮೂಡಬಿದ್ರೆ ಸೇರಿ ಚಾವಿ ಪೆಟ್ಟಿಗೆಯ ಮುಳ್ಳು ಗೀರಿ ಹಾಳಾದ ಪ್ಲೇಟು ಅರುವತ್ತು, ಗಂಟಲು ಒಂದು.