ಕೊನೆಯ ದಬ್ಬೆ

"ಕೇಳ್ಕೊಂಡು ಬಂದೋರು ಯಾರೇ ಆಗ್ಲಿ, ಇಲ್ಲ ಅನ್ನಲ್ಲ ಕಣವ್ವಾ" ಎಂದು ಗೋಪಾಲಪ್ಪ ತನ್ನ ತಾಯಿಯ ಅಂಗೈ ಮೇಲೆ ಕೈಯಿಟ್ಟು ಮಾತು ಕೊಟ್ಟು ನಲವತ್ತೊಂದು ವರ್ಷವಾಗಿತ್ತು. ಅಂದಿಗೆ ಮೆಟ್ಟೂರು ಅಣೆಯ ಹಿನ್ನೀರು ಅವನ ತಮ್ಮನನ್ನು ನುಂಗಿ ಒಂಬತ್ತು ದಿನ. ಗೋಪಾಲಪ್ಪ ಹೆಣೆದ ಹರಿಗೋಲು ಮೊದಲ ಸಲ ನೀರಿಗಿಳಿದು, ಹುಟ್ಟು ಹಾಕುವವರಿಲ್ಲದೆ ತಾನಾಗಿ ಸಾಗಿ, ತಮ್ಮನ ಹೆಣವಿದ್ದ ಜಾಗದ ಮೇಲೆ ಹೋಗಿ ನಿಂತಿತ್ತು.

ಈಗ ಗೋಪಾಲಪ್ಪನೂ ಇಲ್ಲ, ಅವನವ್ವನೂ ಇಲ್ಲ. ಕೊಳತ್ತೂರಿನ ಮನೆಯ ಸೂರಿನಡಿ ಗೋಡೆಗೆ ಒರಗಿಸಿದ ಅದೇ ಹರಿಗೋಲಿನ, ಆ ದಂಡೆಯವರ ಬಾಯಲ್ಲಿ ಪರಿಸಲಿನ, ಪಕ್ಕ ಅವನ ಮಗಳು ಗೋವಿಂದಮ್ಮ ಕೂತಿದ್ದಳು. ಎದುರಿಗೆ, ಅವಳನ್ನು ಬಾಯಿಮಾತಿಗೆ ಅತ್ತೆ ಎನ್ನುವ ಪಕ್ಕದ ಬೀದಿಯ ಮುನಿಲಕ್ಷ್ಮಿ ನಿಂತಿದ್ದಳು, ಗಂಡನ ಅಂಗಿಯನ್ನು ಎದೆಗವಚಿಕೊಂಡು.

"ಅವರು ಮೀನಿಗೋಗಿ ಮುಳುಗಿ ಮೂರು ದಿನ ಆಯ್ತತ್ತೆ. ಊರೋರು ಬಲೆ ಬಿಟ್ರು, ಮುಳುಗಿ ನೋಡಿದ್ರು, ಸಿಗ್ಲಿಲ್ಲ. ನೀವು ಪರಿಸಲು ಬಿಟ್ರೆ ಸಾಕು. ಅವರು ಸಿಗ್ದೆ ಈ ತಾಳಿನ ಏನ್ ಮಾಡ್ಲಿ? ತೆಗೆಯಂಗಿಲ್ಲ, ಇಟ್ಕೊಳ್ಳಂಗಿಲ್ಲ."

ನೀರಿನಡಿಯ ಹಳೇ ಊರುಗಳ ಗೋಡೆಯೋ ಹುಣಸೆ ಬೊಡ್ಡೆಯೋ ಹಿಡಿದುಕೊಂಡ ಹೆಣ ಮೇಲೆ ಬರುವುದಿಲ್ಲ. ಅದಕ್ಕೇ ಆ ದಂಡೆಯಲ್ಲಿ ಒಂದು ಪದ್ಧತಿ. ಗಂಡಸು ಮೀನಿಗೆ ಹೋದರೆ, ಹಿಂದಿನ ದಿನ ಅವನು ತೊಟ್ಟ ಅಂಗಿಯನ್ನು ಒಗೆಯುವುದಿಲ್ಲ, ಗೂಟಕ್ಕೆ ಹಾಕಿರುತ್ತಾರೆ. ಅವನು ಮನೆಗೆ ಬಂದ ಮೇಲೆಯೇ ಅದಕ್ಕೆ ನೀರು. ಬರದಿದ್ದರೆ, ಆ ಬೆವರಿನ ಅಂಗಿಯನ್ನು ಹರಿಗೋಲಿಗೆ ಕಟ್ಟಿ ಬಿಟ್ಟರಾಯಿತು, ಬೆವರಿನವನನ್ನು ಅದು ಹುಡುಕುತ್ತದೆ. ಗೋಪಾಲಪ್ಪ ಊರಿಗೆ ಬಿಟ್ಟು ಹೋದದ್ದು ಇಷ್ಟೇ: ಒಂದು ಹರಿಗೋಲು, ಮನೆಮನೆಯ ಗೂಟದಲ್ಲಿ ಒಂದು ಕೊಳೆ ಅಂಗಿ.

ಬಿಟ್ಟು ಹೋಗದ್ದು ಅದರ ಗುಟ್ಟು. ಒಂದೊಂದು ಹೆಣ ಸಿಕ್ಕಾಗಲೂ ಹರಿಗೋಲಿನ ಒಂದೊಂದು ಬಿದಿರ ದಬ್ಬೆ ಟಪ್ಪೆಂದು ಸೀಳಿಬಿಡುತ್ತಿತ್ತು. ಆ ಜಾಗಕ್ಕೆ ಬೇರೆ ದಬ್ಬೆ ಕಟ್ಟಿದರೆ ತೇಲುವುದಕ್ಕೆ ಬರುತ್ತಿತ್ತು, ಹುಡುಕುವುದಕ್ಕೆ ಬರುತ್ತಿರಲಿಲ್ಲ. ಗೋಪಾಲಪ್ಪ ಆಮೇಲೆ ಹನ್ನೊಂದು ಹರಿಗೋಲು ಹೆಣೆದ. ಹನ್ನೊಂದರಲ್ಲೂ ಜನ ಸುಮ್ಮನೆ ಮೀನು ಹಿಡಿದರು. ಸೇಲಂನಿಂದ ಕಾಲೇಜಿನವರು ಬಂದು, ಅಳೆದು, ಫೋಟೋ ಹಿಡಿದುಕೊಂಡು ಹೋದರು. "ಮೊದಲ್ನೇದನ್ನ ತಮ್ಮಂಗೆ ಅಂತ ಅಳ್ತಾ ಎಣೆದಿದ್ದೆ ಮಗಾ. ಆ ಅಳು ಮತ್ತೆ ಬರ್ಲಿಲ್ಲ" ಎಂದು ಸಾಯುವ ಮುಂಚೆ ಮಗಳಿಗೆ ಹೇಳಿದ್ದ. ಈಗ ಆ ಮೊದಲ ಹರಿಗೋಲಿನಲ್ಲಿ ಸೀಳದೆ ಉಳಿದಿದ್ದದ್ದು ಒಂದೇ ದಬ್ಬೆ. ಗೋವಿಂದಮ್ಮನಿಗೆ ಉಳಿದಿದ್ದವನೂ ಒಬ್ಬನೇ ಮಗ, ಅಶ್ವತ್ಥ. ಅವನು ದಿನಾ ಬಲೆ ಹೊತ್ತು ಹೋಗುವುದೂ ಅದೇ ನೀರಿಗೆ.

"ಕೊಡು ಇಲ್ಲಿ" ಎಂದು ಗೋವಿಂದಮ್ಮ ಅಂಗಿಯನ್ನು ಇಸಿದುಕೊಂಡು ಮೂಗಿಗೆ ಹಿಡಿದಳು. ಬೆವರು, ಬೀಡಿ, ಮೀನು. ಒಬ್ಬ ಗಂಡಸು ಪೂರ್ತಿ ಅದರೊಳಗಿದ್ದ.

"ಇದನ್ನ ಒಗ್ದಿದ್ದೀಯಲ್ಲಮ್ಮಾ."

"ಇಲ್ಲ ಅತ್ತೆ! ಗೂಟದಾಗೇ ಇತ್ತು."

"ಸೋಪಿನ ವಾಸ್ನೆ ಬರ್ತೈತೆ. ಪಾಪ, ನೀನು ಧರ್ಮಪುರಿ ಕಡೆಯೋಳು, ನಮ್ ದಂಡೆ ಪದ್ಧತಿ ನಿಂಗೇನು ಗೊತ್ತು. ಒಗ್ದ ಅಂಗಿಗೆ ಪರಿಸಲು ಓಗಲ್ಲ ತಾಯಿ."

ಮುನಿಲಕ್ಷ್ಮಿ ಅಂಗಿಯನ್ನೇ ನೋಡಿದಳು. "ಅವತ್ತು ಬಟ್ಟೆ ನೆನೆ ಆಕಿದ್ದೆ... ಕೈತಪ್ಪಿ ಅದರ ಜೊತೆ ಓಗಿತ್ತೋ ಏನೋ... ನಾನೇ ಕಳ್ಕೊಂಡ್ನಾ ಅತ್ತೆ?"

ಗೋವಿಂದಮ್ಮ ಅಂಗಿಯನ್ನು ನೀಟಾಗಿ ಮಡಿಸಿ ಅವಳ ಕೈಗಿಟ್ಟಳು.

ಮುನಿಲಕ್ಷ್ಮಿ ಬೀದಿಗಿಳಿದ ಮೇಲೆ ಅಶ್ವತ್ಥ ಒಳಗಿನಿಂದ ಬಂದ. "ಯಾಕಮ್ಮಾ ಸುಳ್ಳು ಹೇಳ್ದೆ? ಬೆವರಿನ ನಾತ ಒಳಗಿನವರ್ಗೂ ಬರ್ತಿತ್ತು."

ಗೋವಿಂದಮ್ಮ ಹರಿಗೋಲಿನ ಕಡೆ ನೋಡಿದಳು.

"ನಂಗೇ ಅಂತ ಎತ್ತಿಟ್ಟಿದ್ದೀಯ ತಾನೇ? ಬದುಕಿರೋನ್ಗೆ ಈಗ್ಲೇ ರಿಸರ್ವೇಷನ್ನಾ?"

"ನೀರಿಗೆ ಓಗೋದು ಬಿಡ್ತೀನಿ ಅನ್ನು. ಎಡಪ್ಪಾಡಿಗೆ ಓಗು, ಮಗ್ಗದ ಕೆಲ್ಸ ಕಲಿ. ಇವತ್ತೇ, ಈಗ್ಲೇ, ಅವಳ ಇಂದಿಂದೇ ಓಡಿ ಪರಿಸಲು ಇಳಿಸ್ತೀನಿ. ನಿನ್ನಾಣೆ."

"ಮಗ್ಗದೋರೇ ಮಗ್ಗ ಬಿಚ್ಚಿ ಮಾರ್ತಾವ್ರೆ. ನಾನೋಗಿ ಅಲ್ಲೇನು ನೇಯ್ಲಿ?" ಅವನು ಬಲೆಯನ್ನು ಹೆಗಲಿಗೆ ಹಾಕಿಕೊಂಡ. "ಇಳಿಸೋದಾದ್ರೆ ಸುಮ್ನೆ ಇಳಿಸಮ್ಮಾ. ಅದನ್ನ ನನ್ ತಲೆ ಮೇಲೆ ಆಕ್ಬೇಡ."

ಅವನು ತಿರುಗಿ ನೋಡದೆ ನೀರಿನ ಕಡೆ ನಡೆದ. ಗೋವಿಂದಮ್ಮ ಎದ್ದಳು, ಒಂದು ಕೈ ಹರಿಗೋಲಿನ ಅಂಚಿಗೆ ಹೋಯಿತು. ಅಲ್ಲಿಗೇ ನಿಂತಿತು.

ಬೀದಿಯ ತಿರುವಿನಲ್ಲಿ ಮುನಿಲಕ್ಷ್ಮಿ ಕೊಳಾಯಿಗೆ ಬಂದ ಹೆಂಗಸರನ್ನು ಒಬ್ಬೊಬ್ಬರನ್ನಾಗಿ ತಡೆದು ಅಂಗಿಯನ್ನು ಮುಖಕ್ಕೆ ಹಿಡಿಯುತ್ತಿದ್ದಳು. "ಅಕ್ಕಾ, ನೋಡಿ ಹೇಳಿ, ಸೋಪಿನ ವಾಸ್ನೆ ಬರ್ತೈತಾ?" ಒಬ್ಬಳು ಇಲ್ಲವೆಂದು ತಲೆಯಾಡಿಸಿದಳು. ಇನ್ನೊಬ್ಬಳು ತುಂಬಾ ಹೊತ್ತು ಮೂಸಿ, "ಬಂದಂಗೈತೆ" ಎಂದಳು. ಮುನಿಲಕ್ಷ್ಮಿ ಅವಳ ಮಾತನ್ನೇ ನಂಬಿ ಕುಸಿದು ಕೂತಳು.

ಗೋವಿಂದಮ್ಮ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಗೋಪಾಲಪ್ಪ ತಾಯಿಗೆ ಕೊಟ್ಟಿದ್ದ ಮಾತು ಅಂದು ಮುರಿಯಿತು.