ಸೂಲಗಿತ್ತಿ ತೆರೆದ ಪೆಟ್ಟಿಗೆ

ಒಂದು ಹೆರಿಗೆಗೆ ಸೂಲಗಿತ್ತಿ ಅರ್ಸುಲಾ ಪಡೆಯುತ್ತಿದ್ದದ್ದು ಐದು ಶಿಲಿಂಗ್. ಶಸ್ತ್ರವೈದ್ಯ ಹಾರ್ಕೋರ್ಟ್ ಕೇಳುತ್ತಿದ್ದದ್ದು ಹತ್ತು ಪೌಂಡ್, ಅಂದರೆ ಅವಳ ನಲವತ್ತು ಹೆರಿಗೆಗಳ ದುಡಿಮೆ. ಆ ಹಣ ಅವನಿಗಲ್ಲ, ಅವನ ಚಿನ್ನದ ಬಣ್ಣದ ಪೆಟ್ಟಿಗೆಗೆ ಎಂದು ಲಂಡನ್ನಿನ ಜನ ಹೇಳುತ್ತಿದ್ದರು. ಅದನ್ನು ಹೊರಲು ಇಬ್ಬರು ಆಳುಗಳು ಬೇಕಿತ್ತು. ಬಸುರಿಯ ಕಣ್ಣಿಗೆ ಬಟ್ಟೆ, ಉಳಿದವರೆಲ್ಲ ಹೊರಗೆ, ಬಾಗಿಲಿಗೆ ಅಗುಳಿ. ಸಿಕ್ಕಿಕೊಂಡ ಮಗುವನ್ನು ಜೀವಂತ ಹೊರತೆಗೆಯುವ ಸಾಧನ ಅದರೊಳಗಿದೆಯಂತೆ. ಅಜ್ಜನ ಕಾಲದಿಂದ ಬಂದ ಮನೆತನದ ಗುಟ್ಟಂತೆ.

1666ರ ಮಹಾ ಬೆಂಕಿ ನಗರವನ್ನು ಸುಟ್ಟ ಮರುವರ್ಷ, ಏಪ್ರಿಲಿನಲ್ಲಿ, ಬಟ್ಟೆ ವ್ಯಾಪಾರಿಯೊಬ್ಬನ ಮನೆಯ ಹೆರಿಗೆಯಲ್ಲಿ ಅರ್ಸುಲಾ ಕೈಚೆಲ್ಲಿದಳು. ಹಾರ್ಕೋರ್ಟನನ್ನು ಕರೆಸಿದರು. ಅರ್ಧ ಗಂಟೆಯಲ್ಲಿ ಮಗು ಅತ್ತಿತು. ಅದರ ಎರಡೂ ಕೆನ್ನೆಯ ಮೇಲೆ ಕೆಂಪು ಗುರುತಿತ್ತು. ಅವನು ಹಣ ಪಡೆಯಲು ಕೆಳಗಿಳಿದಾಗ ಅರ್ಸುಲಾ ಪೆಟ್ಟಿಗೆಯತ್ತ ನುಗ್ಗಿದಳು. ಬೀಗವೇ ಇರಲಿಲ್ಲ.

ಒಳಗಿದ್ದದ್ದು ಹನ್ನೆರಡು ಇಟ್ಟಿಗೆ.

"ಮಗು ತಾನಾಗೇ ಬಂದಿದೆ ಕಣ್ರೇ! ಹತ್ತು ಪೌಂಡು ಇಟ್ಟಿಗೆಗೆ ಹೋಯ್ತು!" ಎಂದು ಅವಳು ಬೀದಿ ಬೀದಿಯಲ್ಲಿ ನಕ್ಕಳು.

ಆಗಸ್ಟಿನಲ್ಲಿ ಅವಳ ಒಬ್ಬಳೇ ಮಗಳು ಟ್ಯಾಮ್ಸಿನ್‌ಗೆ ನೋವು ಶುರುವಾಯಿತು. ಎರಡು ದಿನವಾದರೂ ಮಗುವಿನ ತಲೆ ಕೆಳಗಿಳಿಯಲಿಲ್ಲ. ಅಳಿಯ ಏಮೋಸ್ ಅತ್ತೆಗೆ ಹೇಳದೆ ಓಡಿದ. ಹಾರ್ಕೋರ್ಟ್ ಅವನ ಜೊತೆ ನಡೆದೇ ಬಂದ. ಪೆಟ್ಟಿಗೆಯಿಲ್ಲ, ಆಳುಗಳಿಲ್ಲ. ಅರ್ಸುಲಾ ಬಾಗಿಲಿಗೆ ಅಡ್ಡ ನಿಂತಳು. ನೆರೆಯವರು ಗುಂಪುಗೂಡಿದರು.

"ಏನ್ ವೈದ್ಯರೇ, ಇಟ್ಟಿಗೆ ಹೊರೋರು ಸಿಗಲಿಲ್ವಾ ಇವತ್ತು?"

"ಕಾಲು ಗಂಟೆ ಸಾಕಮ್ಮ. ದುಡ್ಡು ಬೇಡ."

"ಅತ್ತೇ, ನಿಮ್ಮ ಕಾಲಿಗೆ ಬೀಳ್ತೀನಿ, ಬಿಡಿ!" ಏಮೋಸ್ ಅವಳ ತೋಳು ಹಿಡಿದ.

"ಸುಮ್ನಿರಪ್ಪ ನೀನು. ಬರಿಗೈಲಿ ಬಂದು ನನ್ನ ಮಗಳ ಮೈ ಮುಟ್ತಾರಂತೆ! ನಾನೂರು ಮಕ್ಕಳನ್ನ ಹಿಡಿದ ಕೈ ಕಣ್ರೀ ಇದು. ನಿಮ್ಮ ಹತ್ರ ಇರೋದೇನು, ತೋರಿಸಿ. ಈಗ್ಲೇ ಒಳಗೆ ಬಿಡ್ತೀನಿ."

ಹಾರ್ಕೋರ್ಟ್ ತಿರುಗಿ ನೋಡಿದ. ಹತ್ತು ಹನ್ನೆರಡು ಜನ. ಅವರಲ್ಲಿ ಇನ್ನೊಬ್ಬ ಸೂಲಗಿತ್ತಿ, ಒಬ್ಬ ಕಮ್ಮಾರ. ಒಳಗಿನಿಂದ ಟ್ಯಾಮ್ಸಿನ್ "ಅಮ್ಮಾ" ಎಂದಳು. ಅವನು ತಲೆತಗ್ಗಿಸಿ ಹೊರಟುಹೋದ.

"ನೋಡಿದ್ಯಾ?" ಎಂದಳು ಅರ್ಸುಲಾ ಅಳಿಯನಿಗೆ.

ಸಂಜೆಯೊಳಗೆ ತಾಯಿ, ಮಗು ಇಬ್ಬರೂ ಹೋದರು.

ಅಷ್ಟು ಹೊತ್ತಿಗೆ ಹಾರ್ಕೋರ್ಟ್ ತನ್ನ ಮನೆಯಲ್ಲಿ, ಎಂದಿನಂತೆ ಅಂಗಿಯೊಳಗೆ ಸೊಂಟಕ್ಕೆ ಕಟ್ಟಿಕೊಂಡಿದ್ದ ಕಬ್ಬಿಣದ ಇಕ್ಕಳವನ್ನು, ಮಗುವಿನ ತಲೆಯನ್ನು ಎರಡೂ ಕಡೆಯಿಂದ ಹಿಡಿದೆಳೆಯುವ ಆ ಎರಡು ಬಾಗಿದ ಸೌಟುಗಳನ್ನು, ಬಿಚ್ಚಿ ಎತ್ತಿಟ್ಟಿದ್ದ. ಗುಟ್ಟು ಉಳಿದಿತ್ತು.